ಅಸ್ತ್ರ ಒಲೆ: ಸೌದೆ ಉಳಿಯುತ್ತೆ, ಮುದ್ದೆಗೂ ಒಗ್ಗುತ್ತೆ

ಅಡುಗೆಮನೆ ರಿಪೇರಿ ಮಾಡಿಸುವಾಗ ಗ್ಯಾಸಿನ ಜೊತೆಗೆ ಅಸ್ತ್ರ ಒಲೆಯನ್ನೂ ಹಾಕಿಸಿದೆವು. ನಮ್ಮ ಕುಣಿಗಲ್ ಕಡೆಯವರಿಗೆ ಈ ಒಲೆ ಗೊತ್ತಿರಲೇಬೇಕು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ, ಹಳ್ಳಿಗಳಿಗೆ ತಂತ್ರಜ್ಞಾನ ತಲುಪಿಸಲು 1974ರಲ್ಲಿ ಶುರುವಾದ ‘ಅಸ್ತ್ರ’ ಅನ್ನೋ ಕೇಂದ್ರದವರು ಮಾಡಿದ್ದು ಇದು. ಅವರ ಹಳ್ಳಿ ಕೇಂದ್ರ ಇದ್ದದ್ದು ಇಲ್ಲೇ ಉಂಗ್ರದಲ್ಲಿ.

ಮೂರು ಪಾತ್ರೆ ಸಾಲಾಗಿ ಕೂರುತ್ತವೆ. ಬೆಂಕಿ ಮೊದಲನೆಯದರ ಕೆಳಗೆ ಮಾತ್ರ. ಅದೇ ಕಾವು ಉಳಿದೆರಡರ ತಳ ಸವರಿಕೊಂಡು ಹೊಗೆ ಕೊಳವೆ ಸೇರುತ್ತೆ. ಮುದ್ದೆಗೆ ಎಸರು ಕುದಿಯುವಾಗ ನಡುವೆ ಸಾರಿಗೆ ಕಾಳು ಬೇಯುತ್ತಿರುತ್ತೆ, ಕೊನೆಯಲ್ಲಿ ಸ್ನಾನದ ನೀರು ಕಾಯುತ್ತಿರುತ್ತೆ. ಪಾತ್ರೆ ಒಲೆಯೊಳಗೆ ಇಳಿದು ಕೂತಿರೋದರಿಂದ ಎಷ್ಟು ಬಿರುಸಾಗಿ ಹಿಟ್ಟು ತಿರುವಿದರೂ ಅಲ್ಲಾಡಲ್ಲ. ಅತ್ತೆಗೆ ಕಣ್ಣುರಿ ಕಡಿಮೆಯಾಗಿದೆ.

ನಾನು ಹಟ ಹಿಡಿದು ಇದನ್ನು ಹಾಕಿಸಿದ್ದು ಸೌದೆ ಉಳಿಸೋದಕ್ಕಾಗಿ. ಪ್ರಾಣಿಶಾಸ್ತ್ರ ಓದುವ ನನ್ನ ಮಗಳು ‘ಎಲ್ವಿರಾ ಇಲಿ’ ಅನ್ನೋ ಒಂದು ಕಾಡಿಲಿಯ ಬಗ್ಗೆ ಹೇಳಿದ್ದಳು. ತಮಿಳುನಾಡಿನ ಸೇಲಂ ಜಿಲ್ಲೆಯ ಕುರುಂಬಪಟ್ಟಿಯಲ್ಲಿ ಬಿಟ್ಟರೆ ಬೇರೆಲ್ಲೂ ಸಿಕ್ಕಿಲ್ಲ. ಬಂಡೆಗಳ ನಡುವಿನ ಕುರುಚಲು ಕಾಡು ಅದರ ಮನೆ, ಓಡಾಟವೆಲ್ಲ ರಾತ್ರಿ. ಎಲರ್‌ಮನ್ ಅನ್ನೋ ವಿಜ್ಞಾನಿ 1946ರಲ್ಲಿ ಅದಕ್ಕೆ ಹೆಸರಿಟ್ಟರು. ಈಗ ಅಳಿವಿನ ಅಂಚಿನಲ್ಲಿದೆ. ಕಾಡು ಬೇರೆ ಬಳಕೆಗೆ ಹೋಗೋದು ಒಂದು ಕಾರಣ, ಸೌದೆ ಕಡಿಯೋದು ಇನ್ನೊಂದು.

ಸೌದೆ ಅಂದಾಗ ನನಗೆ ಸಂಕಟವಾಯಿತು. ಹುಲಿಯೂರುದುರ್ಗದ ಸುತ್ತ ನಮ್ಮದೂ ಅಂಥದೇ ಬಂಡೆ, ಅಂಥದೇ ಕುರುಚಲು. ಆ ಇಲಿ ಇಲ್ಲಿಯದಲ್ಲ, ನಿಜ. ಆದರೆ ಬಂದರಿಕೆ ಗಿಡವನ್ನು ಬುಡಸಮೇತ ಸವರಿ ಹೊರೆ ಕಟ್ಟಿದರೆ ಇಲ್ಲಿನ ಹುಳಹುಪ್ಪಟೆ, ಇಲಿ, ಮೊಲ ಎಲ್ಲಿ ಅಡಗಬೇಕು? ಸುಮ್ನೆ ಪುರಲೆ ಅಂದುಕೊಂಡು ನಾವು ತರೋದು ಅವುಗಳ ಸೂರನ್ನೇ ಅಲ್ವಾ?

ಈಗ ತೋಟದ ಮಟ್ಟೆ, ಕರಟ, ಒಣಗಿದ ಎಡೆಮಟ್ಟೆಯಲ್ಲೇ ಅಡುಗೆ ಮುಗಿಯುತ್ತೆ. ಬೆಟ್ಟದ ಸೌದೆ ಬೇಕಾಗಿಲ್ಲ.

ತೊಂದರೆಗಳೂ ಇವೆ. ಕರಟ ಜಾಸ್ತಿ ತುಂಬಿದರೆ ಉರಿ ಒಮ್ಮೆಲೇ ಏರಿ ಸಾರು ತಳ ಹಿಡಿಯುತ್ತೆ. ಮಟ್ಟೆಯನ್ನು ಸಣ್ಣಗೆ ಸೀಳಿಕೊಳ್ಳಬೇಕು. ಕೊಳವೆಯ ಮಸಿ ಆಗಾಗ ತೆಗೆಯದಿದ್ದರೆ ಹೊಗೆ ಮನೆಯೊಳಗೇ ಬರುತ್ತೆ. ನಮ್ಮ ಗಾರೆಯವರು ಮೊದಲು ಪಾತ್ರೆ ಕೂರುವ ಬಾಯಿ ಅಗಲ ಮಾಡಿ, ಪಾತ್ರೆಯ ಸಂದಿಯಲ್ಲಿ ಹೊಗೆ ನುಗ್ಗಿ, ಮತ್ತೆ ಒಡೆದು ಕಟ್ಟಬೇಕಾಯಿತು. ನೀವು ಹಾಕಿಸುವುದಾದರೆ ದಿನಾ ಬಳಸುವ ಪಾತ್ರೆಗಳನ್ನೇ ಮುಂದಿಟ್ಟು ಅಳತೆ ತೆಗೆಸಿ.