ಕೊನೆ ಜಾವದ ಕನಸುಪ್ಪು: ಸರಕು ಅಸಲಿ, ಚೀಟಿ ಮಾತ್ರ ನಂಬಬೇಡಿ

ಗಂಟೆ ಎರಕ ಹೊಯ್ಯುವುದು ನನ್ನ ಕಸುಬು. ಈ ಸಲ ಮಂಜುಗಡವಿನ ದೋಣಿಕಟ್ಟೆಯವರು 40 ಸೇರು ತೂಕದ ಗಂಟೆ ಬೇಕೆಂದು ಹೇಳಿಕಳಿಸಿದ್ದರು. ಕರಿಹೊಳೆಯ ಮೇಲೆ ಮಂಜು ಕವಿದಾಗ ಯಾರೂ ಹಗ್ಗ ಎಳೆಯದೆ ಅದು ತಾನಾಗಿ ಬಡಿದುಕೊಳ್ಳಬೇಕು. ಬರೀ ಕಂಚಿಗೆ ಅಷ್ಟು ಎಚ್ಚರ ಎಲ್ಲಿಂದ ಬರಬೇಕು? ಕನಸುಪ್ಪು ಹಾಕಲೇಬೇಕು. ನಾನು ಕೊಳ್ಳುತ್ತಿದ್ದ ಮುದುಕ ವ್ಯಾಪಾರ ಬಿಟ್ಟಿದ್ದರಿಂದ, ನಿದ್ದೆಪೇಟೆಯ ಮೂರನೇ ಓಣಿಯ ಹಸಿರು ಪರದೆಯ ಅಂಗಡಿಗೆ ಮೊದಲ ಸಲ ಹೋದೆ.

ಅಂಗಡಿ ಚೊಕ್ಕಟವಾಗಿದೆ. ಯಜಮಾನ್ತಿ ಹಿಂದುಗಡೆಯ ನಿದ್ದೆಮನೆಯನ್ನೂ ತೋರಿಸಿದರು. 6 ಮಂಚ, ಒಂದೊಂದರ ತಲೆದಿಂಬಿನ ಮೇಲೂ ಇಳಿಬಿಟ್ಟ ತಾಮ್ರದ ಮುಚ್ಚಳ. ಮಲಗಿದವರ ಉಸಿರು ಅದಕ್ಕೆ ತಾಗಿ ಹನಿಗಟ್ಟುತ್ತದೆ, ಜಾವ ಕಳೆದ ಹಾಗೆ ಮುಚ್ಚಳ ಬದಲಿಸುತ್ತಾರೆ. ಆ ಹನಿಯನ್ನು ಮಡಕೆಗೆ ಹಾಕಿ, ಮೇಲೆ ಇನ್ನೊಂದು ಮಡಕೆ ಬಾಯಿಗೆ ಬಾಯಿ ಕೂಡಿಸಿ, ಸಂದಿಗೆ ಮಣ್ಣುಬಟ್ಟೆ ಸುತ್ತಿ ಸಣ್ಣ ಉರಿಯಲ್ಲಿ ಕಾಯಿಸಿದರೆ ಮೇಲಿನ ಮಡಕೆಯ ಒಳಮೈಗೆ ಉಪ್ಪು ಹತ್ತುತ್ತದೆ. ಒಬ್ಬರ ಒಂದು ರಾತ್ರಿಗೆ ಒಂದೇ ಗುಲಗಂಜಿ ತೂಕ. ಮಾರಿದ ರಾತ್ರಿ ಅವರಿಗೆ ಬರೀ ಕತ್ತಲೆ, ಅದಕ್ಕೇ ಮುಂದಿನ 7 ರಾತ್ರಿ ಅವರಿಂದ ಕೊಳ್ಳಬಾರದೆಂಬ ಕಟ್ಟಳೆ. (ಕಸುಬು ಕಲಿಯುವಾಗ ನಾನೂ ಮಾರಿದವನೇ. ಹೊಟ್ಟೆ ತುಂಬಿದ್ದರೂ ಮರುದಿನವೆಲ್ಲ ಉಣ್ಣಲು ಮರೆತವನ ಹಾಗೆ ಓಡಾಡುತ್ತಿದ್ದೆ.)

ಮೊದಲ ಜಾವದ ಉಪ್ಪು ಅಗ್ಗ, ಆಗ ಬೀಳುವ ಕನಸು ತುಂಡು ತುಂಡು. ಉದ್ದನೆಯ ಕನಸು ಬೆಳಗಿನ ಜಾವದ್ದು, ಗಂಟೆಗೆ ಅದೇ ಆಗಬೇಕು. ಅದೂ ಒಬ್ಬರದೇ ಆಗಿರಬೇಕು, ಇಬ್ಬರದು ಕಲಸಿದರೆ ನಾದ ಒಡೆಯುತ್ತದೆ. ಒಬ್ಬರಿಂದಲೇ 4 ಗುಲಗಂಜಿ ಕೂಡಿಸಲು ತಿಂಗಳು ಹಿಡಿಯಿತು. ಒಂದಕ್ಕೆ 11 ಬಿಲ್ಲೆ. ಭರಣಿಯ ಅರಗಿನ ಮುದ್ರೆಯ ಕೆಳಗೆ ಅಂಟಿಸಿದ್ದ ಚೀಟಿಯಲ್ಲಿ 'ಹಾರುವ ಕನಸು' ಎಂದಿತ್ತು.

ಉಪ್ಪಿನಲ್ಲಿ ಕಲಬೆರಕೆ ಇಲ್ಲ, ಅದನ್ನು ಒಪ್ಪಿಕೊಳ್ಳುತ್ತೇನೆ. ನೀರಿಗೆ ಚಿಮುಕಿಸಿದೆ, ತೇಲಿತು. ಅಡುಗೆಯ ಉಪ್ಪು ಬೆರೆಸಿದ್ದರೆ ಮುಳುಗಿ ಕರಗಿಬಿಡುತ್ತಿತ್ತು. ಹೆಬ್ಬೆರಳು ತೋರುಬೆರಳ ನಡುವೆ ತಿಕ್ಕಿದೆ, ಬೆರಳಿನ ಗೆರೆಯೊಳಗೆ ಹೋಗಿ ಕೂತಿತು. ಬಿಸಿಲಿಗೆ ಹಿಡಿದರೆ ಎಳ್ಳಷ್ಟೂ ಮಿನುಗಲಿಲ್ಲ. ಮಿನುಗಿದರೆ ಅದು ಹಸಿ, ಇನ್ನೂ ಬೇಯಬೇಕು ಎಂದರ್ಥ.

ತಾಮ್ರ ನಾಲ್ಕು ಪಾಲು, ತವರ ಒಂದು ಪಾಲು. ತವರ ಕರಗಿ ಸೇರಿದ ಮೇಲೆ ಹಸಿ ಕೋಲಿನಿಂದ ಒಮ್ಮೆ ಕದಡಿ, ಮೇಣದ ಉಂಡೆಯೊಳಗಿಟ್ಟ ಉಪ್ಪನ್ನು ಮೂಷೆಗೆ ಹಾಕಿ ತಕ್ಷಣ ಹೊಯ್ದೆ. ಮೂರು ದಿನ ಆರಿದ ಮೇಲೆ ಅಚ್ಚು ಒಡೆದು ಬೆರಳಿನಿಂದ ತಟ್ಟಿದರೆ, ನಾದ ನಿಲ್ಲುವಷ್ಟರಲ್ಲಿ ಒಂದು ಎಲೆ ಅಡಿಕೆ ಹಾಕಿಕೊಳ್ಳಬಹುದಿತ್ತು.

ಗಂಟೆ ಮಂಜಿಗೆ ಬಡಿಯುತ್ತದೆ, ಅದರಲ್ಲಿ ದೂರಿಲ್ಲ. ಆದರೆ ಬೆಳದಿಂಗಳು ಹಾಲು ಚೆಲ್ಲಿದಂತಿರುವ ರಾತ್ರಿಯಲ್ಲೂ ಕೊನೆ ಜಾವಕ್ಕೆ ಮೆಲ್ಲಗೆ ಎರಡು ಪೆಟ್ಟು ಬಡಿದುಕೊಳ್ಳುತ್ತದೆ. ಕೇಳಿದವರೆಲ್ಲರಿಗೂ ಒಂದೇ ಯೋಚನೆ: ಬಾಗಿಲಿಗೆ ಅಗುಳಿ ಹಾಕಿದೆನಾ? ಇಡೀ ಮಂಜುಗಡವು ದೀಪ ಹಿಡಿದು ಎದ್ದು ಬಾಗಿಲು ನೋಡಿ ಮತ್ತೆ ಮಲಗುತ್ತದೆ. "ಅಣ್ಣಾ, ನಮ್ಮ ಮನೆಗೆ ಬಾಗಿಲೇ ಇಲ್ಲ, ಚಾಪೆ ಇಳಿಬಿಟ್ಟಿದ್ದೇವೆ. ಆದರೂ ಏಳುತ್ತೇನೆ" ಎಂದ ಸುಂಕದ ಹುಡುಗ.

ಅಂಗಡಿಗೆ ಹೋಗಿ ಕೇಳಿದೆ. ಯಜಮಾನ್ತಿ ಲೆಕ್ಕದ ಪುಸ್ತಕ ತೆಗೆದು ತೋರಿಸಿದರು. "ಎದ್ದ ಮೇಲೆ ಅವರು ಏನು ಹೇಳುತ್ತಾರೋ ಅದನ್ನೇ ಬರೆಯೋದು ಅಣ್ಣಾ. ಒಳಗೆ ಹೊಕ್ಕು ನೋಡೋಕಾಗುತ್ತಾ?" ಅಲ್ಲೇ ಇರುವುದು ಎಡವಟ್ಟು. ಹಾರುವ ಕನಸಿಗೆ 3 ಬಿಲ್ಲೆ ಜಾಸ್ತಿ ಕೊಡುತ್ತಾರಂತೆ. ಹಾಗಿರುವಾಗ ರಾತ್ರಿಯೆಲ್ಲ ಅಗುಳಿ ಹುಡುಕಿದೆ ಎಂದು ಯಾವ ಬಡಪಾಯಿ ಹೇಳುತ್ತಾನೆ? ಹಳೆಯ ಮುದುಕನಾಗಿದ್ದರೆ ಒಂದು ಹರಳು ನಾಲಿಗೆಗೆ ಹಾಕಿ ಅಲ್ಲೇ ಮಲಗಲು ಬಿಡುತ್ತಿದ್ದ. ಇಲ್ಲಿ ಮುದ್ರೆ ಒಡೆದರೆ ಕೊಂಡ ಹಾಗೆ. ಜಗ್ಗಾಡಿದ ಮೇಲೆ ಜಾಸ್ತಿ ತೆಗೆದುಕೊಂಡಿದ್ದ 12 ಬಿಲ್ಲೆ ವಾಪಸು ಕೊಟ್ಟರು, ಮುಖ ಗಂಟಿಕ್ಕಲಿಲ್ಲ. ಶುದ್ಧಕ್ಕೆ, ತೂಕಕ್ಕೆ ಐದಕ್ಕೆ ಐದು. ಚೀಟಿಗೆ ಸೊನ್ನೆ.

ಮೊನ್ನೆ ಮೇಲೂರಿನ ಕಣಜದ ಕಾವಲಿನವರು ಬಂದು ಅಂಥದೇ ಗಂಟೆ ಬೇಕೆಂದು ಮುಂಗಡ ಕೊಟ್ಟುಹೋದರು. ಮತ್ತೆ ಹಸಿರು ಪರದೆ ಸರಿಸಿ ಒಳಹೊಕ್ಕು ಒಂದೊಂದೇ ಭರಣಿ ತಿರುಗಿಸಿ ನೋಡಿದೆ. ಹಾರುವ ಕನಸು, ಮದುವೆಯ ಕನಸು, ಕಡಲಿನ ಕನಸು, ಮತ್ತೆ ಹಾರುವ ಕನಸು. ಅಗುಳಿ ಎಂದು ಬರೆದ ಭರಣಿ ಒಂದೂ ಇಲ್ಲ.