ಹುಳುವಿನ ಹೆಸರಿನಲ್ಲಿ ಒಂದು ಟೀ-ಶರ್ಟು: ಸಾಂತಾಕ್ರೂಸ್ ಕ್ಯಾಂಪಸ್ಸಿನ ‘ಬನಾನಾ ಸ್ಲಗ್’

ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ಸಾಂತಾಕ್ರೂಸ್ ಕ್ಯಾಂಪಸ್ಸಿನ ಹೆಸರು ಹೊತ್ತ ಉಡುಪುಗಳು ಹಲವು ಬಗೆಯವು. ಅವುಗಳಲ್ಲಿ ದುಡ್ಡು ಕೊಟ್ಟು ಕೊಳ್ಳಬೇಕಾದದ್ದು ಪ್ಲೇಟೋನ ಪುಸ್ತಕ ಹಿಡಿದು ಓದುತ್ತಿರುವ ಹಳದಿ ಹುಳುವಿನ ಚಿತ್ರವಿರುವ ಟೀ-ಶರ್ಟು ಎಂಬುದು ನನ್ನ ಅಭಿಪ್ರಾಯ. ಬರಿಯ ದಪ್ಪಕ್ಷರಗಳಲ್ಲಿ ಸಂಸ್ಥೆಯ ಹೆಸರನ್ನು ಅಚ್ಚು ಹಾಕಿದ ಅಂಗಿ ಯಾವ ಕಾಲೇಜಿನದಾದರೂ ಆಗಬಹುದು, ಆದರೆ ಈ ಹುಳು ಬೇರೆಲ್ಲಿಯದೂ ಆಗಲಾರದು.

ಬನಾನಾ ಸ್ಲಗ್ ಎಂದರೆ ಕ್ಯಾಂಪಸ್ಸನ್ನು ಸುತ್ತುವರಿದ ರೆಡ್‌ವುಡ್ ಕಾಡಿನ ತೇವದ ನೆಲದಲ್ಲಿ ಕೊಳೆತ ಎಲೆ, ಅಣಬೆಗಳನ್ನು ತಿಂದು ಬದುಕುವ, ಸುಮಾರು 25 ಸೆಂಟಿಮೀಟರ್‌ವರೆಗೂ ಬೆಳೆಯಬಲ್ಲ, ಚಿಪ್ಪಿಲ್ಲದ ಬಸವನಹುಳು. ಮೈಮೇಲಿನ ಲೋಳೆ ನಾಲಿಗೆಗೆ ತಗುಲಿದರೆ ಜೋಮು ಹಿಡಿಯುತ್ತದೆ. ಹುಲಿ, ಕರಡಿ, ಹದ್ದುಗಳನ್ನು ಮ್ಯಾಸ್ಕಾಟ್, ಅಂದರೆ ತಂಡದ ಲಾಂಛನ, ಮಾಡಿಕೊಳ್ಳುವ ದೇಶದಲ್ಲಿ ಇಂಥದ್ದನ್ನು ವಿದ್ಯಾರ್ಥಿಗಳು ಆರಂಭದ ವರ್ಷಗಳಿಂದಲೇ ತಮ್ಮದೆಂದು ಕರೆದುಕೊಂಡಿದ್ದರು. 1980ರ ದಶಕದ ಆರಂಭದಲ್ಲಿ ಕ್ಯಾಂಪಸ್ಸಿನ ತಂಡಗಳು ರಾಷ್ಟ್ರೀಯ ಕಾಲೇಜು ಕ್ರೀಡಾ ವ್ಯವಸ್ಥೆಯ ಮೂರನೆಯ ದರ್ಜೆಗೆ ಸೇರಿದಾಗ, ಅಧಿಕೃತ ಲಾಂಛನವಾಗಿ ಗೌರವಸ್ಥವಾದ ಕಡಲಸಿಂಹವೇ ಇರಲೆಂದು ತೀರ್ಮಾನವಾಯಿತು. ವಿದ್ಯಾರ್ಥಿಗಳು ಒಪ್ಪಲಿಲ್ಲ, ವಾದ ವರ್ಷಗಟ್ಟಲೆ ನಡೆದು, 1986ರ ಮತದಾನದಲ್ಲಿ ಹುಳು ಭಾರಿ ಅಂತರದಿಂದ ಗೆದ್ದ ಬಳಿಕವೇ ಕ್ಯಾಂಪಸ್ಸಿನ ಮುಖ್ಯಸ್ಥರಾಗಿದ್ದ ಚಾನ್ಸಲರ್, ಜೀವವಿಜ್ಞಾನಿ ರಾಬರ್ಟ್ ಸಿನ್‌ಶೈಮರ್ ಮಣಿದರು. ಜೀವವಿಜ್ಞಾನಿಯೇ ಹುಳುವಿಗೆ ಸೋತದ್ದು ಸೊಗಸಾದ ಸಂಗತಿ.

ಈ ಅಂಗಿ ಹಾಸ್ಯದ ಸರಕಿನಂತೆ ಕಾಣದಿರುವುದಕ್ಕೆ ಈ ಹಿನ್ನೆಲೆಯೇ ಕಾರಣ. ‘ಸ್ಯಾಮಿ’ ಎಂದು ಕರೆಯಲಾಗುವ ಈ ಹುಳುವಿಗೆ ಹಲ್ಲು ಕಚ್ಚುವ ಸಿಟ್ಟಿಲ್ಲ, ಎದುರಾಳಿಯನ್ನು ಹೆದರಿಸುವ ಹಂಬಲವೂ ಇಲ್ಲ. ನಿಧಾನವಾಗಿ, ನಿರುಮ್ಮಳವಾಗಿ ಓದುತ್ತಿದೆ. 1994ರ ಹಾಲಿವುಡ್ ಚಿತ್ರವೊಂದರಲ್ಲಿ ಜಾನ್ ಟ್ರವೋಲ್ಟಾ ಬನಾನಾ ಸ್ಲಗ್ ಟೀ-ಶರ್ಟು ತೊಟ್ಟು ಕಾಣಿಸಿಕೊಂಡ ಮೇಲೆ ಸಾಂತಾಕ್ರೂಸ್‌ನ ಹೆಸರೇ ಕೇಳದವರೂ ಅದನ್ನು ಕೊಳ್ಳತೊಡಗಿದರು. 2024ರಲ್ಲಿ ಕ್ಯಾಲಿಫೋರ್ನಿಯಾ ಇದನ್ನು ರಾಜ್ಯದ ಅಧಿಕೃತ ಸ್ಲಗ್ ಎಂದು ಕಾನೂನಿನಲ್ಲೇ ಸಾರಿತು.

ಆಯ್ಕೆಯ ವಿಚಾರದಲ್ಲಿ ಹೇಳುವುದಾದರೆ, ಗಾಢ ನೀಲಿಯ ಮೇಲೆ ಹಳದಿ ಎದ್ದು ಕಾಣುತ್ತದೆ, ಬಿಳಿಯ ಮೇಲೆ ಮಂಕಾಗುತ್ತದೆ. ಹುಳುವನ್ನು ಜೇಬಿನ ಮೇಲೆ ಪುಟ್ಟದಾಗಿ ಕೂರಿಸಿದ ಅಂಗಿಗಳಲ್ಲಿ ಪುಸ್ತಕ ಕಾಣುವುದೇ ಕಷ್ಟವಾದ್ದರಿಂದ ಅವನ್ನು ಬಿಡಬಹುದು. ಸಾನ್ ಹೋಸೆ ಸುತ್ತಮುತ್ತಲಿನ ಕನ್ನಡ ಕುಟುಂಬಗಳು ಬೆಟ್ಟ ದಾಟಿ ಕಡಲತೀರಕ್ಕೆ ಹೋಗುವಾಗ ಕ್ಯಾಂಪಸ್ಸಿಗೂ ಹೋಗಿ ಬರಬಹುದು. ಮಳೆಗಾಲವಾದರೆ ಕಾಡಿನ ದಾರಿಯಲ್ಲಿ ನಿಜವಾದ ಹುಳುವನ್ನು ಮೊದಲು ನೋಡಿ, ಆಮೇಲೆ ಅಂಗಿ ಕೊಳ್ಳುವುದು ಒಳ್ಳೆಯದು.