ಠಾಣೆಯಲ್ಲಿ ವಂಚನೆ ದೂರು: ಏನು ಸಿಗುತ್ತೆ, ಏನು ಸಿಗಲ್ಲ

ಐದಕ್ಕೆ ಮೂರು ಸ್ಟಾರ್. ದೂರು ತೆಗೆದುಕೊಂಡ ರೀತಿಗೆ ಒಂದೇ ಕೊಡುತ್ತಿದ್ದೆ. ಉಳಿದ ಎರಡು ತನಿಖಾಧಿಕಾರಿಗೆ.

ವಿಷಯ ಇಷ್ಟು. ಕಸೂತಿ ಮಷೀನ್‌ಗೆ ಒಬ್ಬ ವ್ಯಾಪಾರಿಗೆ ಮುಂಗಡ ಕೊಟ್ಟಿದ್ದೆ. ಮಾಲು ಲಾರಿಗೆ ಹಾಕಿದ್ದೇನೆ ಅಂತ ವಾಟ್ಸಾಪ್‌ನಲ್ಲಿ ಟ್ರಾನ್ಸ್‌ಪೋರ್ಟ್ ರಸೀದಿ ಕಳಿಸಿದ. ಅದನ್ನು ನೋಡಿಯೇ ಬಾಕಿ ಹಣ ಹಾಕಿದೆ. ಆಮೇಲೆ ಟ್ರಾನ್ಸ್‌ಪೋರ್ಟ್ ಆಫೀಸಿನಲ್ಲಿ ವಿಚಾರಿಸಿದರೆ ಆ ನಂಬರಿನ ರಸೀದಿಯೇ ಇಲ್ಲ!

ಠಾಣೆಯ ರೈಟರ್ (ಬರವಣಿಗೆ ಕೆಲಸ ನೋಡುವ ಪೊಲೀಸ್) ಅರ್ಜಿಯ ಮೇಲೆ ಕಣ್ಣಾಡಿಸಿ, "ಇದು ಸಿವಿಲ್ ಮ್ಯಾಟರ್ ಮೇಡಂ, ಕೋರ್ಟಿಗೆ ಹೋಗಿ" ಅಂದರು. ಈ ಮಾತಲ್ಲಿ ಅರ್ಧ ನಿಜ ಇದೆ. ಕೊಟ್ಟ ಮಾತಿಗೆ ತಪ್ಪಿದ್ದೆಲ್ಲ ವಂಚನೆ ಆಗಲ್ಲ. ಮೊದಲಿನಿಂದಲೇ ಮೋಸದ ಉದ್ದೇಶ ಇತ್ತು ಅಂತ ಕಾಣಬೇಕು ಎಂದು ಸುಪ್ರೀಂ ಕೋರ್ಟ್ ಮತ್ತೆ ಮತ್ತೆ ಹೇಳಿದೆ. ಆದರೆ ನನ್ನ ಕೈಯಲ್ಲಿ ಸುಳ್ಳು ರಸೀದಿ ಇತ್ತಲ್ವಾ? ಸುಳ್ಳು ತೋರಿಸಿ ಹಣ ಪಡೆಯುವುದು ಭಾರತೀಯ ನ್ಯಾಯ ಸಂಹಿತೆಯ 318(4)ಕ್ಕೆ ಬರುತ್ತದೆ. ಇದಕ್ಕೆ ಪೊಲೀಸರು ಕೋರ್ಟಿನ ಅನುಮತಿ ಇಲ್ಲದೆಯೇ ತನಿಖೆ ಮಾಡಬಹುದು. ಇಂಥ ಅಪರಾಧ ದೂರಿನಲ್ಲೇ ಕಂಡರೆ ಎಫ್‌ಐಆರ್ ಮಾಡಲೇಬೇಕು ಅಂತ 2013ರ ಲಲಿತಾ ಕುಮಾರಿ ತೀರ್ಪು ಹೇಳುತ್ತದೆ.

ರೈಟರ್ ಒಪ್ಪಲಿಲ್ಲ. ದೂರನ್ನು ಎಸ್‌ಪಿಯವರಿಗೆ ಅಂಚೆಯಲ್ಲಿ ಕಳಿಸಿದ ಮೇಲೆ ಎಫ್‌ಐಆರ್ ಆಯಿತು. ಅಲ್ಲೂ ಆಗದಿದ್ದರೆ ಮ್ಯಾಜಿಸ್ಟ್ರೇಟ್ ಬಳಿ ಹೋಗುವ ದಾರಿ ಇದೆ, ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ (ಬಿಎನ್‌ಎಸ್‌ಎಸ್, ಪೊಲೀಸ್ ತನಿಖೆ ಮತ್ತು ಕೋರ್ಟ್ ವಿಚಾರಣೆ ಹೇಗೆ ನಡೆಯಬೇಕು ಅಂತ ಹೇಳುವ ಕಾನೂನು) 175(3). ಎಫ್‌ಐಆರ್ ಪ್ರತಿ ದೂರುದಾರರಿಗೆ ಉಚಿತ. ಅದನ್ನು ಕೇಳಿ ಪಡೆಯಿರಿ.

ತನಿಖಾಧಿಕಾರಿ ಒಬ್ಬರು ಮಹಿಳಾ ಪಿಎಸ್‌ಐ. ಮೊದಲ ಭೇಟಿಯಲ್ಲೇ ನೇರವಾಗಿ ಹೇಳಿದರು: "ಅವನ ಖಾತೆ ಫ್ರೀಜ್ ಮಾಡಿಸ್ತೀನಿ, ಬ್ಯಾಂಕ್ ದಾಖಲೆ ತರಿಸ್ತೀನಿ. ಹಣ ಕೊಡಿಸೋದು ನನ್ನ ಕೈಯಲ್ಲಿ ಇಲ್ಲಮ್ಮ." ಇಷ್ಟು ಸ್ಪಷ್ಟವಾಗಿ ಯಾರೂ ಹೇಳಿರಲಿಲ್ಲ. ಖಾತೆಯಲ್ಲಿ ಹಣ ಸಿಕ್ಕಿದರೂ ಅದನ್ನು ಬಿಡುಗಡೆ ಮಾಡಬೇಕಾದದ್ದು ಕೋರ್ಟು. ಸಿಗದಿದ್ದರೆ ವಸೂಲಿಗೆ ಸಿವಿಲ್ ದಾವೆಯೇ ಗತಿ.

"ಎಳೆದು ತಂದು ನಾಲ್ಕು ಬಿಟ್ಟರೆ ಬಾಯಿ ಬಿಡ್ತಾನೆ" ಅಂತ ನಮ್ಮವರೇ ಎಷ್ಟೋ ಜನ ಹೇಳಿದರು. ನನಗೆ ಅದು ಬೇಡವಾಗಿತ್ತು. ಪೊಲೀಸರ ಮುಂದೆ ಒಪ್ಪಿಕೊಂಡದ್ದನ್ನು ಆರೋಪಿಯ ವಿರುದ್ಧ ಸಾಕ್ಷ್ಯ ಮಾಡಲು ಬರುವುದಿಲ್ಲ. ಒಪ್ಪಿಗೆ ಇಲ್ಲದೆ ಮಂಪರು ಪರೀಕ್ಷೆ ಮಾಡುವಂತಿಲ್ಲ ಅಂತ 2010ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ, ಅದೂ ಕರ್ನಾಟಕದ ಸೆಲ್ವಿ ಪ್ರಕರಣದಲ್ಲಿ. 7 ವರ್ಷದವರೆಗೆ ಶಿಕ್ಷೆ ಇರುವ ಅಪರಾಧಕ್ಕೆ ಕಾರಣ ದಾಖಲಿಸದೆ ಬಂಧಿಸುವಂತೆಯೂ ಇಲ್ಲ. ಹಾಗಾಗಿ ಅವನಿಗೆ ಮೊದಲು ಹೋದದ್ದು ಹಾಜರಾಗಲು ನೋಟಿಸ್. ಈ ಮಿತಿಗಳ ಮೇಲೆ ನನಗೆ ಸಿಟ್ಟಿಲ್ಲ. ನಾಳೆ ಯಾರೋ ನನ್ನ ಮೇಲೆ ಸುಳ್ಳು ದೂರು ಕೊಟ್ಟರೆ ನನ್ನನ್ನು ಕಾಯುವುದೂ ಇವೇ.

ಸಿಟ್ಟು ಇರುವುದು ಬೇರೆ ಕಡೆ. ತನಿಖೆ ಎಲ್ಲಿಗೆ ಬಂತು ಅಂತ 90 ದಿನದೊಳಗೆ ದೂರುದಾರರಿಗೆ ತಿಳಿಸಬೇಕು ಅಂತ ಬಿಎನ್‌ಎಸ್‌ಎಸ್‌ನಲ್ಲೇ ಇದೆ. ನನಗೆ ಒಂದು ಮೆಸೇಜ್ ಕೂಡ ಬರಲಿಲ್ಲ. ಪ್ರತಿ ಸಲ ನಾನೇ ಕೆಲಸ ಬಿಟ್ಟು ಹೋಗಿ ಬೆಂಚಿನ ಮೇಲೆ ಕಾಯಬೇಕಾಯಿತು. ಪಿಎಸ್‌ಐ ಬಂದೋಬಸ್ತ್‌ಗೆ ಹೋಗಿದ್ದರೆ ಫೈಲ್ ಬಗ್ಗೆ ಹೇಳುವವರೇ ಇಲ್ಲ. ಕಳೆದುಕೊಂಡ ಎರಡು ಸ್ಟಾರ್ ಇದಕ್ಕೆ ಮತ್ತು ರೈಟರ್ ಮಾತಿಗೆ.

ಮುಂದೆ ಪೊಲೀಸರು ಬಿ ರಿಪೋರ್ಟ್ (ಕೇಸ್ ಮುಚ್ಚಬಹುದು ಅಂತ ಕೋರ್ಟಿಗೆ ಕೊಡುವ ವರದಿ) ಹಾಕಿದರೂ ಕೇಸ್ ಮುಗಿಯಿತು ಅಂದುಕೊಳ್ಳಬೇಡಿ. ಅದನ್ನು ಒಪ್ಪುವ ಮೊದಲು ಕೋರ್ಟ್ ದೂರುದಾರರ ಮಾತು ಕೇಳಬೇಕು, ನೀವು ತಕರಾರು ಸಲ್ಲಿಸಬಹುದು. ನಾನು ಹಣ ವಸೂಲಿ ದಾವೆಯನ್ನೂ ಜೊತೆಗೇ ಹಾಕಿದ್ದೇನೆ. ಅದಕ್ಕೆ 3 ವರ್ಷದ ಗಡುವು. ಪೊಲೀಸ್ ತನಿಖೆ ನಡೆಯುತ್ತಿದೆ ಅಂತ ಆ ಗಡುವು ನಿಲ್ಲುವುದಿಲ್ಲ.